ಮಾತಿನೊಳಗಿನ ಇರಿಸುಮುರಿಸನ್ನು ಗುರುತಿಸುವ ಬಗೆ

"ಏನೂ ಇಲ್ಲ ಬಿಡಿ" ಎಂಬ ಉತ್ತರ ಎಷ್ಟು ನಿಜ ಎಂಬುದರ ಸುಳಿವು ಪದಗಳಿಗಿಂತ ಹೆಚ್ಚಾಗಿ ಆ ಉತ್ತರ ಬರುವ ಮುನ್ನದ ಮೌನದಲ್ಲಿ ಸಿಗುತ್ತದೆ. ಆದ್ದರಿಂದ ಮೊದಲು ಗಮನ ಕೊಡಬೇಕಾದುದು ಮಾತಿನ ಲಯಕ್ಕೆ. 2009ರಲ್ಲಿ ಪ್ರಕಟವಾದ, ಹತ್ತು ಭಾಷೆಗಳ ಸಂಭಾಷಣೆಗಳನ್ನು ಹೋಲಿಸಿದ ಅಧ್ಯಯನದ ಪ್ರಕಾರ ಪ್ರಶ್ನೆ ಮುಗಿದು ಉತ್ತರ ಆರಂಭವಾಗುವುದಕ್ಕೆ ಸರಾಸರಿ 200 ಮಿಲಿಸೆಕೆಂಡಿನಷ್ಟು ಕಾಲ ಸಾಕು. ಒಪ್ಪಿಗೆ ಸಾಮಾನ್ಯವಾಗಿ ಥಟ್ಟನೆ ಬರುತ್ತದೆ, ನಿರಾಕರಣೆಯಾದರೋ ತಡವರಿಸುತ್ತಾ, "ಅದು... ನೋಡೋಣ" ಎಂದು ಪೀಠಿಕೆ ಹಾಕಿ, ಯಾರೂ ಕೇಳದ ಕಾರಣಗಳನ್ನು ಜೊತೆಗಿಟ್ಟುಕೊಂಡು ಬರುತ್ತದೆ. ಮಾತು ಮರೆಸುವುದು, ಅನಗತ್ಯವಾಗಿ ನಗುವುದು, ಕೇಳಿದ್ದಕ್ಕಿಂತ ಕಿರಿದಾದ ಪ್ರಶ್ನೆಗೆ ಉತ್ತರಿಸುವುದು ಕೂಡ ಇದೇ ಜಾತಿಯವು.

ಆದರೆ ಈ ಲಕ್ಷಣಗಳನ್ನು ಆ ವ್ಯಕ್ತಿಯ ಎಂದಿನ ರೀತಿಯೊಂದಿಗೇ ಹೋಲಿಸಬೇಕು, ಏಕೆಂದರೆ ಸ್ವಭಾವತಃ ನಿಧಾನವಾಗಿ ಮಾತನಾಡುವವರ ವಿಳಂಬಕ್ಕೆ ವಿಶೇಷ ಅರ್ಥವಿಲ್ಲ. ವಿಡಿಯೋ ಕರೆಯಲ್ಲಿ ಧ್ವನಿ ತಡವಾಗಿ ತಲುಪುವುದರಿಂದ ಹುಟ್ಟುವ ಮೌನವಂತೂ ಶುದ್ಧ ಯಾಂತ್ರಿಕವಾದದ್ದು. ಅದನ್ನು ಹಿಂಜರಿಕೆಯೆಂದು ತಿಳಿದು ಮುನಿಸಿಕೊಳ್ಳುವವರು ಕಡಿಮೆಯಿಲ್ಲ. ಮುಖ ನೋಡಿಯೇ ಸುಳ್ಳು ಹಿಡಿಯಬಲ್ಲೆವೆಂಬ ಧೈರ್ಯವೂ ಬೇಡ: ಹಲವಾರು ಪ್ರಯೋಗಗಳನ್ನು ಒಟ್ಟುಗೂಡಿಸಿ 2006ರಲ್ಲಿ ಪ್ರಕಟಿಸಿದ ವಿಶ್ಲೇಷಣೆಯಲ್ಲಿ ಜನರ ಅಂದಾಜು ಸರಿಯಾದದ್ದು ನೂರಕ್ಕೆ ಸುಮಾರು 54 ಸಲ ಮಾತ್ರ. ಕಸಿವಿಸಿ ಇದೆಯೆಂದು ಹೇಳಬಹುದೇ ಹೊರತು ಏತಕ್ಕೆಂದು ಊಹಿಸಿ ತೀರ್ಪು ಕೊಡಬಾರದು.

ಸುಳಿವು ಸಿಕ್ಕ ಮೇಲೆ "ಯಾಕೆ ಹೀಗಿದ್ದೀರಿ?" ಎಂದು ನೇರವಾಗಿ ಕೇಳುವುದು ನನ್ನ ದೃಷ್ಟಿಯಲ್ಲಿ ಅತ್ಯಂತ ಕೆಟ್ಟ ಕ್ರಮ, ಕೇಳಿಸಿಕೊಂಡವರು ತಮ್ಮ ಮುಖಭಾವಕ್ಕೇ ಸಮಜಾಯಿಷಿ ಕೊಡಬೇಕಾಗುತ್ತದೆ. ಅದರ ಬದಲು ನೀವು ಮುಂದಿಟ್ಟ ಕೋರಿಕೆಯನ್ನೇ ಸಡಿಲಿಸಿ, "ಈ ವಾರ ಕಷ್ಟವಾದರೆ ಬೇಡ, ಬೇರೆ ದಾರಿ ಹುಡುಕಬಹುದು" ಎಂದು ಹೇಳಿದರೆ ಇಲ್ಲವೆನ್ನುವುದು ಅವರಿಗೆ ಸುಲಭವಾಗುತ್ತದೆ. ಹಾಗೆ ಹೇಳಿ ಸುಮ್ಮನಿರಿ. ಮೌನ ತುಂಬಲೆಂದು ನಾವೇ ಆಡುವ ಎರಡನೆಯ ಮಾತು ಅವರು ಆಡಬೇಕೆಂದಿದ್ದುದನ್ನು ನುಂಗಿಬಿಡುತ್ತದೆ. ಅಷ್ಟಾದರೂ ಅವರು ವಿಷಯ ಬದಲಿಸಿದರೆ ಮತ್ತೆ ಕೆದಕಬಾರದು, ಇತರರ ಎದುರಿನಲ್ಲಂತೂ ಖಂಡಿತ ಕೂಡದು.

ಹೊರಡುವ ಗಳಿಗೆಗೆ ಮಾತ್ರ ಸ್ವಲ್ಪ ಸಮಯ ಉಳಿಸಿಕೊಳ್ಳಿ. ರೋಗಿಗಳು ಮುಖ್ಯ ತೊಂದರೆಯನ್ನು ಎದ್ದು ನಿಂತ ಮೇಲೆ ಹೇಳುವುದುಂಟೆಂದು ವೈದ್ಯರು ಬಲ್ಲರು. ಮನೆಯಲ್ಲಿಯೂ ಕಚೇರಿಯಲ್ಲಿಯೂ "ಅಂದಹಾಗೆ" ಎಂದು ಆರಂಭವಾಗುವ ಮಾತನ್ನು ನಿಂತುಕೊಂಡೇ ಕೇಳದೆ, ಮತ್ತೆ ಕುಳಿತು ಕೇಳುವುದು ಒಳ್ಳೆಯದು.