ಹೆಸರು ಇಂಟೆಲ್‌ದು, ಮನೆ ಬೇರೆ ಕಡೆ

ಬಾಗಲಕೋಟೆಯ ನವನಗರದಲ್ಲಿ ನನ್ನದೊಂದು ಸಣ್ಣ ಡಿಟಿಪಿ ಅಂಗಡಿ. ಬನಶಂಕರಿ ಜಾತ್ರೆ ಹತ್ತಿರ ಬಂದಿತ್ತು, ಬ್ಯಾನರ್ ಕೆಲಸ ಮೈಮೇಲಿತ್ತು. ಅಂಥ ಹೊತ್ತಲ್ಲೇ ಒಂದು ಕಂಪ್ಯೂಟರ್ ಸುಮ್ನೆ ಕೂತಾಗಲೂ ಹಿಟ್ಟಿನ ಗಿರಣಿಯ ಹಾಗೆ ಸದ್ದು ಮಾಡತೊಡಗಿತು. ಯಾವ ಪ್ರೋಗ್ರಾಂ ಓಡುತ್ತಿದೆ ಅಂತ ತೋರಿಸುವ ಟಾಸ್ಕ್ ಮ್ಯಾನೇಜರ್ ತೆರೆದರೆ ಸಾಕು, ಫ್ಯಾನ್ ತಣ್ಣಗಾಗುತ್ತಿತ್ತು. ಮುಚ್ಚಿದರೆ ಮತ್ತೆ ಶುರು. ನನಗೆ ಸಂಶಯ ಬಂದದ್ದೇ ಅಲ್ಲಿ. ನಮ್ಮ ಕಂಪ್ಯೂಟರಿನ ಶಕ್ತಿ ಕದ್ದು ಬೇರೆಯವರಿಗೆ ಕ್ರಿಪ್ಟೋ (ಡಿಜಿಟಲ್) ನಾಣ್ಯ ತೆಗೆಯುವ ಎಷ್ಟೋ ಪ್ರೋಗ್ರಾಂಗಳಿಗೆ, ಅಂದರೆ ‘ಮೈನರ್’ಗಳಿಗೆ, ಈ ಚಾಳಿ ಇದೆ.

ಕಂಪ್ಯೂಟರ್ ಹಾಕಿದೊಡನೆ ತಾನಾಗಿ ಶುರುವಾಗುವ ಪ್ರೋಗ್ರಾಂಗಳ ಸ್ಟಾರ್ಟಪ್ ಪಟ್ಟಿಯಲ್ಲಿ ‘ಐಜಿಎಫ್‌ಎಕ್ಸ್‌ಟ್ರೇ’ ಅಂತ ಒಂದು ಹೆಸರಿತ್ತು.

“ಅಣ್ಣಾರ, ಅದು ಇಂಟೆಲ್ ಗ್ರಾಫಿಕ್ಸ್‌ದು ಐತ್ರಿ, ನಮ್ಮನಿ ಲ್ಯಾಪ್‌ಟಾಪ್‌ನ್ಯಾಗೂ ಐತಿ” ಎಂದ ಅಂಗಡಿಯ ಹುಡುಗ.

ಅವನು ಹೇಳಿದ್ದು ಸುಳ್ಳಲ್ಲ, ಆ ಹೆಸರಿನ ಅಸಲಿ ಫೈಲ್ ಇಂಟೆಲ್‌ನದೇ. ಆದರೆ ಈ ಕಂಪ್ಯೂಟರಿನಲ್ಲಿರುವುದು ಇಂಟೆಲ್‌ನ ಎದುರಾಳಿ ಕಂಪನಿ ಎಎಂಡಿಯ ಪ್ರೊಸೆಸರ್. ಇಂಟೆಲ್ ಗ್ರಾಫಿಕ್ಸ್‌ಗೆ ಇಲ್ಲೇನು ಕೆಲಸ?

ಹೆಸರು ಯಾರು ಬೇಕಾದರೂ ಇಟ್ಟುಕೊಳ್ಳಬಹುದು. ಹಾಗಾಗಿ ನಾನು ಮೊದಲು ವಿಳಾಸ ನೋಡುತ್ತೇನೆ. ರೈಟ್ ಕ್ಲಿಕ್ ಮಾಡಿ ಫೈಲ್ ಎಲ್ಲಿದೆ ಅಂತ ತೆರೆದೆ. ಅಸಲಿಯಾಗಿದ್ದರೆ ವಿಂಡೋಸ್‌ನ ಸ್ವಂತ ಫೋಲ್ಡರ್ ಸಿಸ್ಟಂ32 ಒಳಗೆ ಇರಬೇಕಿತ್ತು. ಇದು ಯಾವ ಪ್ರೋಗ್ರಾಂ ಬೇಕಾದರೂ ಬಂದು ಕೂರಬಹುದಾದ ಆಪ್‌ಡೇಟಾದ ರೋಮಿಂಗ್ ಫೋಲ್ಡರಿನಲ್ಲಿ ಅಡಗಿ ಕೂತಿತ್ತು. ಪ್ರಾಪರ್ಟೀಸ್ ನೋಡಿದರೆ ತಯಾರಕರ ಸಹಿ ತೋರಿಸುವ ಡಿಜಿಟಲ್ ಸಿಗ್ನೇಚರ್ ಟ್ಯಾಬೇ ಇಲ್ಲ. ಸಹಿ ಇಲ್ಲ ಅಂದಮಾತ್ರಕ್ಕೆ ಕಳ್ಳ ಅಂತಲ್ಲ. ಒಬ್ಬರೇ ಕೂತು ಬರೆದ ಒಳ್ಳೆಯ ಉಚಿತ ಸಾಫ್ಟ್‌ವೇರ್‌ಗಳಿಗೂ ಎಷ್ಟೋ ಸಲ ಸಹಿ ಇರುವುದಿಲ್ಲ. ಆದರೆ ಇಂಟೆಲ್ ಹೆಸರು ಹಾಕಿಕೊಂಡವನಿಗೆ ಇಂಟೆಲ್ ಸಹಿ ಇರಬೇಕು, ಅಲ್ವಾ?

ಕೊನೆಗೆ ಆ ಫೈಲನ್ನು ವೈರಸ್‌ಟೋಟಲ್ ಎಂಬ ಜಾಲತಾಣಕ್ಕೆ ಹಾಕಿದೆ. ಅಲ್ಲಿ 70ರ ಆಸುಪಾಸು ಆಂಟಿವೈರಸ್‌ಗಳು ಒಂದೇ ಫೈಲನ್ನು ಪರೀಕ್ಷಿಸುತ್ತವೆ. ಒಂದೆರಡು ಮಾತ್ರ ‘ಜನರಿಕ್’ ಅಂತ ಕೆಂಪು ತೋರಿಸಿದರೆ ನಾನು ಅಷ್ಟು ಹೆದರುವುದಿಲ್ಲ, ಅದು ಬರೀ ಊಹೆ ಇರಬಹುದು. ಇಲ್ಲಿ ಅರ್ಧಕ್ಕಿಂತ ಜಾಸ್ತಿ ಕೆಂಪು, ಸಾಲುಸಾಲಾಗಿ ‘ಕಾಯಿನ್‌ಮೈನರ್’. ಗಿರಾಕಿಗಳ ಆಧಾರ್ ಸ್ಕ್ಯಾನ್‌ಗಳನ್ನು ಮಾತ್ರ ಅಲ್ಲಿಗೆ ಹಾಕಬೇಡಿ. ಹಾಕಿದ ಫೈಲು ಬೇರೆಯವರ ಕೈಗೂ ಹೋಗುತ್ತದೆ.

ಹುಡುಗ ಆಮೇಲೆ ಬಾಯಿಬಿಟ್ಟ. ಫೋಟೋದ ಹಿನ್ನೆಲೆ ತೆಗೆಯುವ ಟೂಲ್ ಹುಡುಕಿ, ಎಲ್ಲಕ್ಕಿಂತ ಮೇಲಿದ್ದ ಜಾಹೀರಾತನ್ನೇ ಒತ್ತಿದ್ದನಂತೆ. ಅವನಿಗೆ ಬೈಯಲಿಲ್ಲ. 2022ರಲ್ಲಿ ಎಂಎಸ್‌ಐ ಆಫ್ಟರ್‌ಬರ್ನರ್ ಎಂಬ ಗ್ರಾಫಿಕ್ಸ್ ಕಾರ್ಡ್ ಸಾಫ್ಟ್‌ವೇರಿನ ಹೆಸರಿನ ನಕಲಿ ತಾಣಗಳಿಂದಲೂ ಜನ ಹೀಗೇ ಮೈನರ್ ಇಳಿಸಿಕೊಂಡಿದ್ದರು.

ಫೈಲ್ ಅಳಿಸಿ ಸುಮ್ಮನಾಗಲು ಧೈರ್ಯ ಬರಲಿಲ್ಲ. ಮೊಬೈಲಿನಿಂದ ಪಾಸ್‌ವರ್ಡ್‌ಗಳನ್ನೆಲ್ಲ ಬದಲಿಸಿ, ಕಂಪ್ಯೂಟರ್ ಫಾರ್ಮ್ಯಾಟ್ ಮಾಡಿದೆ. ಕನ್ನಡ ಫಾಂಟ್‌ಗಳನ್ನು ಮತ್ತೆ ಜೋಡಿಸುವುದಕ್ಕೇ ಒಂದು ದಿನ ಹಿಡಿಯಿತು. ಜಾತ್ರೆಯ ಬ್ಯಾನರ್ ಪಕ್ಕದ ಅಂಗಡಿಯಲ್ಲಿ ಕೂತು ಮುಗಿಸಿದೆ.