ಟೆಂಟಿನ ಹಾಡು, ಸಭೆಯ ಹಾಡು: ಕಂಪನಿ ನಾಟಕದ ಅಧ್ಯಯನ ನಾನು ಮಾಡುವ ರೀತಿ

ಹುಬ್ಬಳ್ಳಿ-ಧಾರವಾಡ, ಗದಗ, ಹಾವೇರಿ ಸೀಮೆಯಲ್ಲಿ ಜನಪ್ರಿಯ ಸಂಸ್ಕೃತಿಯ ಮೇಲೆ ಸಂಶೋಧನೆ ಮಾಡುತ್ತೇನೆಂದು ಬರುವವರಿಗೆ ನಾನು ಮೊದಲು ಹೇಳುವ ಕೆಲಸ ಒಂದೇ. ಕಂಪನಿ ನಾಟಕದ, ಅಂದರೆ ಟೆಂಟು ಹಾಕಿ ಊರೂರಲ್ಲಿ ಆಡುವ ವೃತ್ತಿ ನಾಟಕ ಮಂಡಳಿಗಳ, ಒಂದು ರಂಗಗೀತೆ ಹಿಡಿದುಕೊಳ್ಳಿ. ಅದನ್ನು ಜಾತ್ರೆಯ ಟೆಂಟಿನಲ್ಲೂ ಕೇಳಿ, ಧಾರವಾಡದ ಸಂಗೀತ ಸಭೆಯಲ್ಲೂ ಕೇಳಿ. ಎರಡೂ ಕಡೆ ಹಾಡಿನ ಸುತ್ತ ಏನೇನಿತ್ತು ಎಂಬುದನ್ನು ಬರೆದುಕೊಂಡು ಬನ್ನಿ. ಧಾಟಿ ಬಹುಮಟ್ಟಿಗೆ ಅದೇ ಇರುತ್ತದೆ. ಬದಲಾಗುವುದು ಟಿಕೀಟು, ಕುರ್ಚಿಯ ಸಾಲು, ಹಾಡು ನಡೆಯುವ ಹೊತ್ತು, ಹಾಡಿಗೆ ಮುಂಚೆ ಮೈಕಿನಲ್ಲಿ ಬರುವ ಮಾತು. ಶಿಷ್ಟ ಮತ್ತು ಜನಪ್ರಿಯ ಎಂಬ ಗೆರೆಯನ್ನು ಎಳೆಯುವುದು ಈ ಏರ್ಪಾಡು. ಹಾಗಾಗಿ ರುಚಿಯ ವಾದಕ್ಕೆ ಇಳಿಯುವ ಮುಂಚೆ ಏರ್ಪಾಡನ್ನು ದಾಖಲಿಸಬೇಕು.

ಈ ಸೀಮೆಯಲ್ಲಿ ಎರಡು ಖಾನೆ ಮಾಡಿಕೊಂಡು ಕೂತರೆ ಪ್ರಬಂಧ ಮೊದಲ ಅಧ್ಯಾಯದಲ್ಲೇ ಎಡವುತ್ತದೆ. ಕುಂದಗೋಳದ ಹಿಂದೂಸ್ತಾನಿ ಗಾಯಕ ಸವಾಯಿ ಗಂಧರ್ವರು ಮರಾಠಿ ನಾಟಕ ಕಂಪನಿಗಳಲ್ಲಿ ಪಾತ್ರ ಮಾಡಿ ಹಾಡಿದವರು. ಗಂಗೂಬಾಯಿ ಹಾನಗಲ್ ಮತ್ತು ಭೀಮಸೇನ ಜೋಶಿ ಅವರ ಶಿಷ್ಯರು. ಮಲ್ಲಿಕಾರ್ಜುನ ಮನಸೂರರು ಹುಡುಗರಿದ್ದಾಗ ವಾಮನರಾವ್ ಮಾಸ್ತರರ ಕಂಪನಿಯಲ್ಲಿದ್ದರು. ನೀಲಕಂಠಬುವಾ ಅವರ ಬಳಿ ಶಾಸ್ತ್ರೀಯ ಸಂಗೀತದ ತಾಲೀಮು ಸಿಕ್ಕಿದ್ದು ಆಮೇಲೆ. ಗದಗಿನ ಪುಟ್ಟರಾಜ ಗವಾಯಿಗಳು ವೀರೇಶ್ವರ ಪುಣ್ಯಾಶ್ರಮದ ಮಕ್ಕಳ ಅನ್ನ-ವಿದ್ಯೆಗೆಂದು ನಾಟಕ ಕಂಪನಿಯನ್ನೇ ಕಟ್ಟಿ ನಡೆಸಿದರು. ಇನ್ನೂ ಹಿಂದಕ್ಕೆ ಹೋದರೆ, ಕರ್ಕಿ ಭಾಗವತರ ಯಕ್ಷಗಾನ ಮೇಳ ಸಾಂಗ್ಲಿಗೆ ಹೋಗಿ ಆಡಿದ ಮೇಲೆ 1843ರಲ್ಲಿ ವಿಷ್ಣುದಾಸ ಭಾವೆ ಮರಾಠಿಯಲ್ಲಿ ನಾಟಕ ಆಡಿಸಿದರು. ಆ ಮರಾಠಿ ಕಂಪನಿಗಳು ನಮ್ಮ ಊರುಗಳಲ್ಲಿ ಮೆರೆಯುವುದನ್ನು ಕಂಡು 1870ರ ದಶಕದಲ್ಲಿ ಶಾಂತಕವಿಗಳು ಗದಗಿನಲ್ಲಿ ಕನ್ನಡ ಮಂಡಳಿ ಕಟ್ಟಿದರು. ಇದರಲ್ಲಿ ಯಾವುದು ಮೇಲು, ಯಾವುದು ಕೆಳಗು ಎಂದು ಕೇಳುವುದಕ್ಕಿಂತ, ಯಾವ ಕಾಲದಲ್ಲಿ ಯಾರು ಯಾವುದನ್ನು ಮೇಲೆಂದು ಕರೆದರು ಎಂದು ಕೇಳಿದರೆ ಉತ್ತರ ಸಿಗುತ್ತದೆ.

ಸಿದ್ಧಾಂತದ ಓದು ಬೇಕು, ಆದರೆ ಅಳತೆಯಲ್ಲಿ. ಜರ್ಮನ್ ಚಿಂತಕರಾದ ಅಡೋರ್ನೊ ಮತ್ತು ಹಾರ್ಕ್‌ಹೈಮರ್ 1940ರ ದಶಕದಲ್ಲಿ ಹೇಳಿದ ಸಂಸ್ಕೃತಿ ಉದ್ಯಮದ ವಾದ, ಅಂದರೆ ಮನರಂಜನೆ ಕಾರ್ಖಾನೆಯ ಸರಕಿನಂತೆ ತಯಾರಾಗುತ್ತದೆ ಎಂಬುದು, ಸಿನಿಮಾ-ರೇಡಿಯೋದ ಅಚ್ಚಿನ ಸರಕಿಗೆ ಒಪ್ಪುತ್ತದೆ. ಮಾಲೀಕರೇ ಪಾತ್ರ ಮಾಡಿ, ಎದುರು ಕೂತ ಜನ ನೋಡಿ ಸಂಜೆಗೊಂದು ಮಾತು ಬದಲಿಸುವ ಕಂಪನಿಗೆ ಅದು ಅರ್ಧವೇ ಕೂಡುತ್ತದೆ. 1964ರಲ್ಲಿ ಇಂಗ್ಲೆಂಡಿನಲ್ಲಿ ಶುರುವಾದ ಬರ್ಮಿಂಗ್‌ಹ್ಯಾಮ್ ಸಂಸ್ಕೃತಿ ಅಧ್ಯಯನ ಕೇಂದ್ರದ ಹೊಗಾರ್ಟ್, ಸ್ಟುವರ್ಟ್ ಹಾಲ್ ಮೊದಲಾದವರಿಂದ ಕಲಿಯಬೇಕಾದದ್ದು, ನೋಡುವವರು ತಮಗೆ ಬೇಕಾದ ಅರ್ಥ ಮಾಡಿಕೊಳ್ಳುತ್ತಾರೆ ಎಂಬ ಎಚ್ಚರ. ನಮ್ಮ ಕೆಲಸಕ್ಕೆ ಹೆಚ್ಚು ಹತ್ತಿರದವರು ಅಮೆರಿಕದ ಇತಿಹಾಸಕಾರ ಲಾರೆನ್ಸ್ ಲೆವಿನ್. 19ನೇ ಶತಮಾನದ ಅಮೆರಿಕದಲ್ಲಿ ಶೇಕ್ಸ್‌ಪಿಯರ್ ನಾಟಕ ಎಲ್ಲ ವರ್ಗದವರ ಗದ್ದಲದ ಮನರಂಜನೆಯಾಗಿತ್ತು, ಆಮೇಲೆ ಅದನ್ನು ಮೆಟ್ಟಿಲು ಹತ್ತಿಸಿ ಮೌನವಾಗಿ ಕೂತು ನೋಡುವ ವಸ್ತು ಮಾಡಲಾಯಿತು ಎಂದು ಅವರು 1988ರಲ್ಲಿ ತೋರಿಸಿದರು. ರಂಗಗೀತೆಗೆ ಧಾರವಾಡದಲ್ಲಿ ಈಗ ಆಗುತ್ತಿರುವುದು ಇದೇ. ಈ ಐದು ಹೆಸರಿಗೆ ಇಪ್ಪತ್ತು ಪುಟ ಸಾಕು. ಎಂಬತ್ತು ಪುಟ ಬರೆದವರ ಪ್ರಬಂಧದಲ್ಲಿ ಕಂಪನಿ ಕಾಣಿಸುವುದೇ ಇಲ್ಲ.

ಇನ್ನು ಸಾಮಗ್ರಿ. ಎಲ್ಲಕ್ಕಿಂತ ಮೊದಲು ಹ್ಯಾಂಡ್‌ಬಿಲ್ ಕೂಡಿಸಬೇಕು. ಹಳೆ ಪ್ರೆಸ್ಸುಗಳ ಮಾದರಿ ಫೈಲು, ಪೇಟಿ (ಹಾರ್ಮೋನಿಯಂ) ಮಾಸ್ತರರ ಟ್ರಂಕು, ಊರ ದೇವಸ್ಥಾನ ಕಮಿಟಿಯ ಕಪಾಟು, ಪುಸ್ತಕಕ್ಕೆ ಹಾಕಿದ ರಟ್ಟು, ಇಷ್ಟು ಕಡೆ ನೋಡಿದರೆ ಸಿಗುತ್ತವೆ. ಒಂದು ಬಿಲ್ಲಿನಲ್ಲಿ ಎಷ್ಟು ಸಂಗತಿ ಇರುತ್ತದೆ ನೋಡಿ: ನಾಟಕದ ಹೆಸರು, 'ಅರ್ಥಾತ್' ಎಂದು ಇನ್ನೊಂದು ಹೆಸರು, ಪಾತ್ರಧಾರಿಗಳು, ಪೇಟಿ ಮತ್ತು ತಬಲಾದವರು, ದರ, ಕೆಳಗೆ ಪ್ರೆಸ್ಸಿನ ಹೆಸರು. ಮುದ್ರಕರ ಹೆಸರು ಮತ್ತು ಊರು ಇರಲೇಬೇಕೆಂಬುದು 1867ರ ಮುದ್ರಣಾಲಯ ಮತ್ತು ಪುಸ್ತಕ ನೋಂದಣಿ ಕಾಯ್ದೆಯ ಕಟ್ಟಳೆಯಾಗಿತ್ತು, ಹಾಗಾಗಿ ಅದು ಹೆಚ್ಚಿನ ಬಿಲ್ಲಿನಲ್ಲಿ ಉಳಿದಿರುತ್ತದೆ. ಇರದೇ ಇರುವುದು ಒಂದೇ, ಇಸವಿ. ನಾಳಿನ ಆಟಕ್ಕೆ ಹಂಚುವ ಕಾಗದದಲ್ಲಿ ಇಸವಿ ಯಾರಿಗೂ ಬೇಕಾಗಿರಲಿಲ್ಲ.

ಇಸವಿ ಹಿಡಿಯಲು ನಾನು ಮೂರು ಜರಡಿ ಬಳಸುತ್ತೇನೆ. ಮೊದಲನೆಯದು ಆಡಳಿತದ ಗುರುತು. 'ಮೈಸೂರು ರಾಜ್ಯ' ಎಂದಿದ್ದರೆ 1956ರ ನವೆಂಬರಿನಿಂದ 1973ರ ಅಕ್ಟೋಬರ್ ಒಳಗಿನದು. 'ಕರ್ನಾಟಕ' ಎಂದಿದ್ದರೆ ಬಹುತೇಕ ಆಮೇಲಿನದು, ಆದರೆ ಸಂಘದ ಹೆಸರಿನಲ್ಲಿ ಮಾತ್ರ ಕರ್ನಾಟಕ ಇದ್ದರೆ ಲೆಕ್ಕಕ್ಕೆ ತರಬಾರದು, ಆ ಹೆಸರು ಏಕೀಕರಣಕ್ಕೂ ಹಳೆಯದು. ಗದಗ, ಹಾವೇರಿ ಜಿಲ್ಲೆಗಳು ಆದದ್ದು 1997ರಲ್ಲಿ, ಅದಕ್ಕೆ ಮುಂಚೆ ರೋಣವೂ ಶಿಗ್ಗಾಂವಿಯೂ ಧಾರವಾಡ ಜಿಲ್ಲೆ. ಆರಂಕಿಯ ಪಿನ್‌ಕೋಡ್ ಇದ್ದರೆ 1972ರ ಆಗಸ್ಟ್ 15ರ ನಂತರದ್ದು. ಎರಡನೆಯದು ದರ. 'ನ. ಪೈ.' (ನಯಾ ಪೈಸೆ) ಎಂದಿದ್ದರೆ 1957ರ ಏಪ್ರಿಲಿನಿಂದ 1964ರ ನಡುವಿನದು. ಆಣೆ ಕಂಡ ಕೂಡಲೇ 1957ಕ್ಕಿಂತ ಹಿಂದಿನದೆಂದು ಬರೆದುಬಿಡಬಾರದು, ಜನರ ಬಾಯಲ್ಲಿ ನಾಕಾಣೆ, ಎಂಟಾಣೆ ಬಹಳ ಕಾಲ ಉಳಿದವು, ಹಳ್ಳಿಯ ಬಿಲ್ಲಿನಲ್ಲೂ ಇಣುಕುತ್ತವೆ.

ಮೂರನೆಯದು ವಾರ ಮತ್ತು ತಿಥಿ. ಒಂದೇ ತಾರೀಖು ಒಂದೇ ವಾರಕ್ಕೆ ಬರುವುದು 28 ವರ್ಷದಲ್ಲಿ ನಾಲ್ಕು ಸಲ ಮಾತ್ರ, 5, 6 ಅಥವಾ 11 ವರ್ಷದ ಅಂತರದಲ್ಲಿ. ರೋಣ ತಾಲೂಕಿನ ಒಂದು ಊರು, ಜಿಲ್ಲಾ ಧಾರವಾಡ, ಕರ್ನಾಟಕ ರಾಜ್ಯ, ದವನದ ಹುಣ್ಣಿಮೆಯ (ಚೈತ್ರದ ಹುಣ್ಣಿಮೆ) ಜಾತ್ರೆ, ಏಪ್ರಿಲ್ 12 ಗುರುವಾರ ಎಂದು ಬಿಲ್ಲಿನಲ್ಲಿದೆ ಎನ್ನೋಣ. ರಾಜ್ಯ ಮತ್ತು ಜಿಲ್ಲೆಯ ಹೆಸರಿನಿಂದ ಅದು 1973ರ ಕೊನೆಗೂ 1997ಕ್ಕೂ ನಡುವಿನದು. ಆ ಅವಧಿಯಲ್ಲಿ ಏಪ್ರಿಲ್ 12 ಗುರುವಾರ ಬಂದದ್ದು 1979, 1984, 1990ರಲ್ಲಿ. ಹುಣ್ಣಿಮೆ 1984ರಲ್ಲಿ ಏಪ್ರಿಲ್ 15ಕ್ಕೆ, 1990ರಲ್ಲಿ 10ಕ್ಕೆ. 1979ರಲ್ಲಿ ಮಾತ್ರ 12ಕ್ಕೇ ಹುಣ್ಣಿಮೆ. ಅಲ್ಲಿಗೆ ಇಸವಿ ಕೈಗೆ ಸಿಕ್ಕಿತು. ತಾರೀಖು ಮತ್ತು ಹುಣ್ಣಿಮೆಯ ಜೋಡಿ 19 ವರ್ಷಕ್ಕೊಮ್ಮೆ ಸುಮಾರಾಗಿ ಮರಳಿ ಬರುತ್ತದೆ, ಆದರೆ ವಾರವೂ ಜೊತೆಗೆ ಹೊಂದುವುದು ಅಪರೂಪ. ಹಳೆ ಪಂಚಾಂಗಗಳು ಮಠಗಳಲ್ಲಿ, ಜೋಯಿಸರ ಮನೆಗಳಲ್ಲಿ ಸಿಗುತ್ತವೆ. ಗಣಕದ ಪಂಚಾಂಗದಿಂದಲೂ ತಾಳೆ ನೋಡಬಹುದು. ಜಾತ್ರೆ ಹುಣ್ಣಿಮೆಗೆ ಶುರುವಾಗಿ ನಾಟಕ ಮರುದಿನ ಆಗುವುದುಂಟು, ಆದ್ದರಿಂದ ಒಂದು ದಿನದ ಆಚೀಚೆಯನ್ನು ಮೊದಲೇ ಬಿಟ್ಟುಕೊಂಡು ಲೆಕ್ಕ ಹಾಕಬೇಕು.

ಬಿಲ್ಲುಗಳನ್ನು ಲ್ಯಾಮಿನೇಟ್ ಮಾಡಿಸಬೇಡಿ, ಸೆಲೋಟೇಪ್ ಹಚ್ಚಬೇಡಿ. ಅಂಟು ಹಳದಿಯಾಗಿ ಕಾಗದವನ್ನು ತಿನ್ನುತ್ತದೆ, ಲ್ಯಾಮಿನೇಷನ್ ಮತ್ತೆ ಬಿಡಿಸಲು ಬರುವುದಿಲ್ಲ. 400 ಡಿಪಿಐಗೆ ಎರಡೂ ಮಗ್ಗಲು ಸ್ಕ್ಯಾನ್ ಮಾಡಿ. ಹಿಂಬದಿಯಲ್ಲಿ ಕಿರಾಣಿ ಲೆಕ್ಕ ಬರೆದಿದ್ದರೆ ಅದೂ ದಾಖಲೆ.

ಟೆಂಟಿನ ಕೆಲಸಕ್ಕೆ ಇಬ್ಬರು ಬೇಕು. ಒಬ್ಬರು ರಂಗದ ಕಡೆ ಮುಖ ಮಾಡಿ ಕೂಡಬೇಕು, ಇನ್ನೊಬ್ಬರು ಪಕ್ಕದ ಕಂಬದ ಬಳಿ ನಿಂತು ಜನರ ಕಡೆ ನೋಡಬೇಕು. ಒಂದೇ ನಾಟಕವನ್ನು ಕನಿಷ್ಠ ಮೂರು ಸಲ ನೋಡಿ: ವಾರದ ನಡುವಿನ ಒಂದು ದಿನ, ಭಾನುವಾರ, ಆ ಊರಿನ ಕ್ಯಾಂಪ್ (ಬೀಡು) ಮುಗಿಯುವ ಹೊತ್ತಿನ ಒಂದು ಪ್ರಯೋಗ. ಹಾಳೆಯಲ್ಲಿ ಆರು ಅಂಕಣ ಹಾಕಿಕೊಳ್ಳಿ: ಗಡಿಯಾರದ ಹೊತ್ತು, ಸೀನು, ಹಾಡು, ಪುಸ್ತಕದಲ್ಲಿಲ್ಲದ ಮಾತು, ಜನರ ಪ್ರತಿಕ್ರಿಯೆ, ಒನ್ಸ್ ಮೋರ್. ಈ ಕೊನೆಯ ಅಂಕಣ ಬಹಳ ಮುಖ್ಯ. ಒನ್ಸ್ ಮೋರ್ ಮೊದಲು ಕೂಗಿದ್ದು ಹಿಂದಿನ ಅಗ್ಗದ ಸಾಲೋ ಮುಂದಿನ ಕುರ್ಚಿಯೋ ಎಂದು ಬರೆದುಕೊಂಡರೆ, ಹಾಡಿನ ಬೆಲೆ ಕಟ್ಟುವವರು ಯಾರೆಂಬುದು ಕಣ್ಣೆದುರಿಗೆ ಬರುತ್ತದೆ.

ಧ್ವನಿಮುದ್ರಣ ಮಾಲೀಕರ ಒಪ್ಪಿಗೆ ಇದ್ದರೆ ಮಾತ್ರ. ರೆಕಾರ್ಡರನ್ನು ಸ್ಪೀಕರ್ ಬಾಕ್ಸಿನ ಎದುರು ಇಡಬಾರದು. ಹಾಸ್ಯ ಪಾತ್ರ ಕೂಗಿದಾಗ ಧ್ವನಿ ಒಡೆದುಹೋಗುತ್ತದೆ, ಒಡೆದದ್ದನ್ನು ಆಮೇಲೆ ಸರಿಪಡಿಸಲಾಗದು. ಮಟ್ಟವನ್ನು ಅತಿ ಜೋರಿನ ಜಾಗದಲ್ಲೂ ಮೈನಸ್ 12 ಡೆಸಿಬೆಲ್ ಆಸುಪಾಸಿನಲ್ಲಿ ಇಡಿ. 48 ಕಿಲೋಹರ್ಟ್ಸ್, 24 ಬಿಟ್, ಸ್ಟೀರಿಯೋ ವೇವ್ ಕಡತ ಗಂಟೆಗೆ ಸುಮಾರು 1 ಜಿಬಿ ಆಗುತ್ತದೆ, ಮೂರು ತಾಸಿನ ನಾಟಕಕ್ಕೆ 4 ಜಿಬಿ ಖಾಲಿ ಇರಲಿ. ಜನರೇಟರ್ ಇದ್ದಲ್ಲಿ ಗುಂಯ್‌ಗುಟ್ಟುವ ಸದ್ದು ಹಾಡಿನ ಕೆಳಸ್ಥಾಯಿಯನ್ನು ಮುಚ್ಚುತ್ತದೆ, ಅದರಿಂದ ದೂರ ಕೂಡಿ. ಪೇಟಿಯ ಪಟ್ಟಿ, ಅಂದರೆ ಹಾಡಿಗೆ ಹಿಡಿದ ಶ್ರುತಿಯ ಮನೆ, ಕರಿ ಒಂದೋ ಕರಿ ನಾಲ್ಕೋ ಎಂದು ಮಾಸ್ತರರನ್ನೇ ಕೇಳಿ ಬರೆದುಕೊಳ್ಳಿ. ಸಂಗೀತ ಸಭೆಯಲ್ಲಿ ಅದೇ ಹಾಡನ್ನು ಬೇರೆ ಪಟ್ಟಿಯಲ್ಲಿ ಹಾಡಿದಾಗ ಹೋಲಿಸಲು ಬೇಕಾಗುತ್ತದೆ.

ಕಲಾವಿದರ ಸಂದರ್ಶನ ಮಧ್ಯಾಹ್ನ ಊಟದ ನಂತರ. ರಾತ್ರಿ ಎರಡು ಆಟ ಮುಗಿಸಿದವರನ್ನು ಬೆಳಿಗ್ಗೆ ಎಬ್ಬಿಸಿ ಮಾತಾಡಿಸಿದರೆ 'ಕಲೆಯೇ ನಮ್ಮ ಉಸಿರು' ಎಂಬಷ್ಟೇ ಉತ್ತರ ಬರುತ್ತದೆ. ಪಗಾರ, ಪಾರ್ಟು ಕಲಿತ ಬಗೆ, ಹಿಂದಿನ ಕಂಪನಿ ಬಿಟ್ಟ ಕಾರಣ, ಇವು ನಿಧಾನಕ್ಕೆ ಬರುವ ಮಾತು. ನಟಿಯರ ಹೆಸರು ಹಾಕುವ ಮುಂಚೆ ಎರಡು ಸಲ ಕೇಳಿ, ಒಮ್ಮೆ ಸಂದರ್ಶನದ ದಿನ, ಇನ್ನೊಮ್ಮೆ ಬರೆದದ್ದನ್ನು ಓದಿ ಹೇಳಿದ ಮೇಲೆ. ಮಕ್ಕಳ ಸಂಬಂಧ ನೋಡುವ ಹೊತ್ತಿಗೆ ಕಂಪನಿಯ ಹೆಸರು ಅವರಿಗೆ ಅಡ್ಡ ಬರುವುದುಂಟು.

ಪಠ್ಯ ಬರೆದುಕೊಳ್ಳುವಾಗ ಆಗುವ ದೊಡ್ಡ ಕೇಡೆಂದರೆ ಮಾತನ್ನು ತೊಳೆದು ಚೊಕ್ಕ ಮಾಡುವುದು. ದ್ವಂದ್ವಾರ್ಥದ ಮಾತು ಬಂದಾಗ 'ಇಲ್ಲಿ ಹಾಸ್ಯ ಸಂಭಾಷಣೆ' ಎಂದು ಬರೆದು ದಾಟಿಬಿಡುತ್ತಾರೆ. ಪೌರಾಣಿಕ ನಾಟಕದ ಕಂದ, ವೃತ್ತಗಳನ್ನು ಮಾತ್ರ ಅಕ್ಷರಕ್ಷರ ಎತ್ತಿಕೊಳ್ಳುತ್ತಾರೆ. ಆಗ ಸಂಶೋಧಕರೇ ಶಿಷ್ಟತೆಯ ಗೆರೆ ಎಳೆದಂತಾಯಿತು, ಅಧ್ಯಯನ ಮಾಡಬೇಕಾದ ವಸ್ತುವನ್ನೇ ಅಳಿಸಿದಂತಾಯಿತು. ಆಡಿದ್ದನ್ನು ಆಡಿದಂತೆ ಬರೆಯಿರಿ. ಅಚ್ಚಾದ ನಾಟಕದ ಪುಸ್ತಕ, ಪ್ರಾಂಪ್ಟರ್ ಕೈಯಲ್ಲಿರುವ ನೋಟಬುಕ್ಕು, ರಂಗದ ಮೇಲಿನ ಮಾತು, ಮೂರನ್ನೂ ಅಕ್ಕಪಕ್ಕ ಇಟ್ಟು ನೋಡಿದರೆ ಹಾಸ್ಯದ ಸೀನು ಪುಸ್ತಕದ ಎರಡರಷ್ಟು ಉದ್ದವಾಗಿರುವುದೂ, ಉಪದೇಶದ ಮಾತು ಅರ್ಧಕ್ಕೆ ಇಳಿದಿರುವುದೂ ಗೊತ್ತಾಗುತ್ತದೆ.

ಸಭೆಗೂ ಅದೇ ಆರು ಅಂಕಣದ ಹಾಳೆ ಒಯ್ಯಿರಿ. ನಿರೂಪಕರು ಮಾತಾಡಿದ ನಿಮಿಷ, ರಾಗದ ಹೆಸರು ಹೇಳಿದರೇ, ಮುಂದಿನ ಸಾಲು ಪಾಸಿನವರದೇ, ಶಾಲು ಯಾರಿಗೆ, ಇವನ್ನು ಬರೆದುಕೊಳ್ಳಿ. ಟೆಂಟಿನಲ್ಲಿ ಕಥೆ ಮುಂದೆ ಸಾಗಬೇಕಾದ್ದರಿಂದ ಹಾಡು ಮೂರು-ನಾಲ್ಕು ನಿಮಿಷಕ್ಕೆ ಮುಗಿಯುತ್ತದೆ. ಸಭೆಯಲ್ಲಿ ಆಲಾಪ, ತಾನ ಸೇರಿ ಅದು ಬೆಳೆಯುತ್ತದೆ, ಆದರೆ ಹಾಡಿದ ಪಾತ್ರ ಯಾವುದು, ಯಾವ ಸನ್ನಿವೇಶ ಎಂಬುದು ಕಳಚಿಕೊಳ್ಳುತ್ತದೆ. ಏನು ಸೇರಿತು ಎಂಬುದರಷ್ಟೇ ಏನು ಕಳಚಿತು ಎಂಬುದಕ್ಕೂ ಜಾಗ ಕೊಡಿ.

ಪ್ರಶ್ನಾವಳಿಯ ಬಗ್ಗೆ ಒಂದು ಮಾತು. ಸಮಾಜಶಾಸ್ತ್ರಜ್ಞ ಬೋರ್ದಿಯೋ 1960ರ ದಶಕದ ಫ್ರಾನ್ಸಿನಲ್ಲಿ 1,217 ಮಂದಿಯನ್ನು ಕೇಳಿ ರುಚಿಗೂ ವರ್ಗಕ್ಕೂ ಇರುವ ನಂಟು ಬಿಡಿಸಿದರು. ಅದನ್ನು ಇಲ್ಲಿ ಹಾಗೇ ಎತ್ತಿ ಇಟ್ಟು 'ನಿಮಗೆ ಎಂಥ ಸಂಗೀತ ಇಷ್ಟ' ಎಂದರೆ, ಧಾರವಾಡದಲ್ಲಿ 'ಶಾಸ್ತ್ರೀಯ', ಹಳ್ಳಿಯಲ್ಲಿ 'ಭಕ್ತಿಗೀತೆ' ಎಂದು ಮರ್ಯಾದೆಯ ಉತ್ತರ ಬರುತ್ತದೆ. 'ಈ ವಾರ ಮನೆಯಲ್ಲಿ ಏನೇನು ಹಚ್ಚಿದ್ರಿ?' ಎಂದು ಕೇಳಿ, ಅವರೊಪ್ಪಿದರೆ ಮೊಬೈಲಿನಲ್ಲಿ ಹಿಂದೆ ಕೇಳಿದ್ದರ ಪಟ್ಟಿ ನೋಡಿ. ಎರಡು ಉತ್ತರಗಳ ನಡುವಿನ ಅಂತರವೇ ನಿಮ್ಮ ಮುಖ್ಯ ಮಾಹಿತಿ.

ಗೆರೆ ಕಚೇರಿಯ ಆದೇಶದಿಂದಲೂ ಬೀಳುತ್ತದೆ ಎಂಬುದಕ್ಕೆ ಪೇಟಿಗಿಂತ ಒಳ್ಳೆಯ ಉದಾಹರಣೆ ಇಲ್ಲ. 1940ರಲ್ಲಿ ಆಕಾಶವಾಣಿ ಹಾರ್ಮೋನಿಯಂ ನಿಷೇಧಿಸಿತು, ಅದು ಸಡಿಲವಾದದ್ದು 1970ರ ದಶಕದ ಆರಂಭದಲ್ಲಿ. ಧಾರವಾಡದ ಕೇಂದ್ರ ಶುರುವಾದದ್ದು 1950ರಲ್ಲಿ, ನಿಷೇಧದ ನಡುವೆ. ಕಂಪನಿಯಲ್ಲಿ ಪೇಟಿ ಇಲ್ಲದೆ ಪರದೆಯೇ ಏಳದ ಕಾಲದಲ್ಲಿ ಸ್ಟುಡಿಯೋದೊಳಗೆ ಅದಕ್ಕೆ ಪ್ರವೇಶವಿರಲಿಲ್ಲ. ಈ ಮೂರು ದಶಕದಲ್ಲಿ ಕಂಪನಿಯ ಪೇಟಿಯವರಲ್ಲಿ ಯಾರು ಮನೆಪಾಠಕ್ಕೆ ಹೋದರು, ಯಾರು ತಬಲಾ ಹಿಡಿದರು, ಯಾರು ಟೆಂಟಿನಲ್ಲೇ ಉಳಿದರು ಎಂದು ಹುಡುಕುವ ಕೆಲಸ ಯಾರಾದರೂ ಕೈಗೆತ್ತಿಕೊಳ್ಳಬೇಕು. ಗದಗ, ಹುಬ್ಬಳ್ಳಿಯ ಹಳೆ ಮನೆತನಗಳಲ್ಲಿ ಇದನ್ನು ಬಲ್ಲವರು ಇನ್ನೂ ಇದ್ದಾರೆ, ತಡ ಮಾಡಿದರೆ ಸಿಗುವುದಿಲ್ಲ.

ಕಡತಗಳಿಗೆ ಇಸವಿ-ತಿಂಗಳು-ದಿನ, ಊರು, ನಾಟಕ, ಎಷ್ಟನೆಯ ಪ್ರಯೋಗ ಎಂಬ ಕ್ರಮದಲ್ಲೇ ಹೆಸರಿಡಿ, ಆಗ ತಂತಾನೇ ಸಾಲಾಗಿ ನಿಲ್ಲುತ್ತವೆ. ಮೂರು ಪ್ರತಿ ಇರಲಿ: ಒಂದು ನಿಮ್ಮಲ್ಲಿ, ಒಂದು ನೀವು ಕೆಲಸ ಮಾಡುವ ವಿಭಾಗದಲ್ಲಿ, ಒಂದು ಕಂಪನಿಯ ಮಾಲೀಕರ ಕೈಯಲ್ಲಿ. ಮಾಲೀಕರಿಗೆ ಕೊಡುವ ಪ್ರತಿ ಪೆನ್ ಡ್ರೈವಿನಲ್ಲಿರಲಿ, ಜೊತೆಗೆ ಸ್ಕ್ಯಾನ್ ಮಾಡಿದ ಹ್ಯಾಂಡ್‌ಬಿಲ್ಲುಗಳ ಕಾಗದದ ಪ್ರತಿಯೂ ಇರಲಿ. ನಾಟಕ ಕೃತಿಯ ಹಕ್ಕು ಬರೆದವರು ತೀರಿಕೊಂಡ 60 ವರ್ಷದವರೆಗೆ ಇರುತ್ತದೆ, ಆದ್ದರಿಂದ ನೋಟಬುಕ್ಕಿನ ಪುಟಗಳನ್ನು ಪ್ರಬಂಧದಲ್ಲಿ ಅಚ್ಚು ಹಾಕುವ ಮುಂಚೆ ಲೇಖಕರ ಮನೆಯವರ ಸಹಿ ತೆಗೆದುಕೊಳ್ಳಿ.