ಯೇಟ್ಸ್ ನಾಟಕ ನೋಡುವ ಮುನ್ನ: ಐರ್ಲೆಂಡಿಗೆ ಹೊಸದಾಗಿ ಬಂದ ಕನ್ನಡಿಗರಿಗೆ

ಮನೆ, ಕೆಲಸ, ಮಕ್ಕಳ ಶಾಲೆ ಎಲ್ಲ ಒಂದು ಹದಕ್ಕೆ ಬಂದ ಮೇಲೆ ಹೊಸಬರು ಸಾಮಾನ್ಯವಾಗಿ ಕೇಳುವುದು, ಈ ಐರಿಷ್ ಜನರನ್ನು ಒಳಗಿನಿಂದ ಅರಿಯುವುದು ಹೇಗೆ ಎಂದು. ಐರಿಷ್ ಕವಿ ಡಬ್ಲ್ಯು. ಬಿ. ಯೇಟ್ಸ್ ಬರೆದ ‘ದಿ ಲ್ಯಾಂಡ್ ಆಫ್ ಹಾರ್ಟ್ಸ್ ಡಿಸೈರ್’ ಎಲ್ಲಾದರೂ ರಂಗಕ್ಕೆ ಬಂದರೆ ತಪ್ಪಿಸಿಕೊಳ್ಳಬೇಡಿ ಎನ್ನುತ್ತೇನೆ. 1894ರಲ್ಲಿ ಲಂಡನ್ನಿನಲ್ಲಿ ಮೊದಲ ಪ್ರದರ್ಶನ ಕಂಡ ಈ ಏಕಾಂಕದ ಕಥೆ ನಡೆಯುವುದು ಸ್ಲೈಗೋ ಸೀಮೆಯ ಒಂದು ಅಡುಗೆಮನೆಯಲ್ಲಿ.

ಇದು ಫೇರಿಗಳ, ಅಂದರೆ ಕಿನ್ನರರ, ಕಥೆ. ಫೇರಿ ಎಂದ ಕೂಡಲೇ ರೆಕ್ಕೆ, ಮಂತ್ರದಂಡ ನೆನಪಾದರೆ ಅದನ್ನು ಬದಿಗಿಡಿ. ಇಲ್ಲಿನ ಹಳ್ಳಿಗರು ನಂಬಿದ ಫೇರಿಗಳು ಮನುಷ್ಯರನ್ನು ಕದ್ದೊಯ್ಯುವ, ಮುನಿಸಿಕೊಂಡರೆ ಕೇಡು ಮಾಡುವ ನೆರೆಯವರು. ತೀರಾ ಚಿಕ್ಕ ಮಕ್ಕಳನ್ನು ಈ ನಾಟಕಕ್ಕೆ ಕರೆದೊಯ್ಯದಿರುವುದೇ ಒಳ್ಳೆಯದು.

ಅಂದು ಮೇ ಒಂದರ ಹಿಂದಿನ ಸಂಜೆ, ಫೇರಿಗಳ ಬಲ ಹೆಚ್ಚುವ ಹೊತ್ತು. ಹೊಸದಾಗಿ ಮದುವೆಯಾಗಿ ಬಂದ ಮೇರಿ ಪುಸ್ತಕ ಹಿಡಿದು ಕುಳಿತಿದ್ದಾಳೆ. ಪಾತ್ರೆ ತೊಳೆಯಲಿಲ್ಲವೆಂದು ಅತ್ತೆ ಬ್ರಿಜೆಟ್ ಗೊಣಗುತ್ತಾಳೆ. ಆ ಸಂಜೆ ಮನೆಯಿಂದ ಹಾಲು, ಬೆಂಕಿ ಹೊರಗೆ ಕೊಡಬಾರದು ಎಂಬ ಕಟ್ಟುಪಾಡಿದೆ. ಮೇರಿ ಎರಡನ್ನೂ ಬಾಗಿಲಿಗೆ ಬಂದ ಅಪರಿಚಿತರಿಗೆ ಕೊಟ್ಟುಬಿಡುತ್ತಾಳೆ. ಬಳಿಕ ಹಸಿರುಡುಗೆಯ ಮಗುವೊಂದು ಬರುತ್ತದೆ, ಅದೇ ಫೇರಿ. ಮಾವ ಒಳಗೆ ಕರೆಯುತ್ತಾನೆ, ಅತ್ತೆಯೇ ಜೇನು, ಹಾಲು ಕೊಟ್ಟು ಉಪಚರಿಸುತ್ತಾಳೆ. ಗೋಡೆಯ ಮೇಲಿನ ಶಿಲುಬೆ ಕಂಡು ಮಗು ಹೆದರಿ ಚೀರಿದಾಗ ಪಾದ್ರಿ ಫಾದರ್ ಹಾರ್ಟ್ ಕನಿಕರದಿಂದ ಅದನ್ನು ತೆಗೆದು ಒಳಕೋಣೆಯಲ್ಲಿಡುತ್ತಾರೆ. ನೀವು ಕಣ್ಣಿಟ್ಟು ನೋಡಬೇಕಾದ ಗಳಿಗೆ ಇದೇ. ಮಗು ಯಾವ ಬಾಗಿಲನ್ನೂ ಒಡೆದು ಬರುವುದಿಲ್ಲ. ಮನೆಯವರ ಒಳ್ಳೆಯತನವೇ ಅದಕ್ಕೆ ದಾರಿ ಬಿಡುತ್ತದೆ. ಮಗು ಮೇರಿಯನ್ನು ಫೇರಿಗಳ ಲೋಕಕ್ಕೆ ಕರೆಯುತ್ತದೆ, ಸ್ವಲ್ಪ ಹೊತ್ತಿಗೆ ಅವಳು ಗಂಡನ ತೋಳಿನಲ್ಲೇ ಪ್ರಾಣ ಬಿಡುತ್ತಾಳೆ. ಆಗ ಬ್ರಿಜೆಟ್ ಮಗನನ್ನು ಆ ದೇಹದಿಂದ ದೂರ ಸರಿಯುವಂತೆ ಕರೆಯುತ್ತಾಳೆ: ಅದು ನಿನ್ನ ಹೆಂಡತಿಯಲ್ಲ, ನೀನು ತಬ್ಬಿರುವುದು ತರಗೆಲೆಯ ರಾಶಿಯನ್ನೋ ಅವಳ ರೂಪ ತಾಳಿದ ಮರದ ಬೊಡ್ಡೆಯನ್ನೋ ಇರಬೇಕು.

ಈ ಮಾತು ಬರೀ ಕವಿಕಲ್ಪನೆಯಲ್ಲ. ಮರುವರ್ಷ, 1895ರ ಮಾರ್ಚ್‌ನಲ್ಲಿ, ಟಿಪ್ಪರೇರಿ ಕೌಂಟಿಯಲ್ಲಿ ಬ್ರಿಜೆಟ್ ಕ್ಲಿಯರಿ ಎಂಬ 26ರ ಹೆಣ್ಣುಮಗಳನ್ನು ಅವಳ ಗಂಡನೇ ಸುಟ್ಟ. ನಿಜವಾದ ಹೆಂಡತಿಯನ್ನು ಫೇರಿಗಳು ಒಯ್ದು, ಅವಳ ಜಾಗದಲ್ಲಿ ಬೇರೊಂದನ್ನು ಬಿಟ್ಟಿವೆ ಎಂಬುದು ಅವನ ವಾದವಾಗಿತ್ತು. ಇದನ್ನು ತಿಳಿದು ನಾಟಕ ನೋಡಿದರೆ ಆ ಕೊನೆಯ ದೃಶ್ಯದಲ್ಲಿ ಮೈ ನಡುಗುತ್ತದೆ.

ಇಂದು ಫೇರಿಗಳನ್ನು ನಂಬುತ್ತೇವೆ ಎಂದು ಬಾಯಿಬಿಟ್ಟು ಹೇಳುವವರು ಕಡಿಮೆ. ಆದರೂ ಹೊಲದ ನಡುವಿನ ಒಂಟಿ ಹಾಥಾರ್ನ್ ಮರವನ್ನು (ಫೇರಿಗಳದೆಂದು ನಂಬಿದ ಮುಳ್ಳುಮರ) ಕಡಿಯಲು ಅನೇಕ ರೈತರ ಕೈ ಏಳುವುದಿಲ್ಲ, ನಮ್ಮ ಕರಾವಳಿಯವರು ನಾಗಬನಕ್ಕೆ ಕೊಡಲಿ ಹಾಕಲು ಹಿಂಜರಿಯುವಂತೆ. 1999ರಲ್ಲಿ ಕ್ಲೇರ್ ಕೌಂಟಿಯ ಲಟೂನ್ ಬಳಿ ರಸ್ತೆಗೆ ಅಡ್ಡವಾಗಿದ್ದ ಅಂಥ ಒಂದು ಗಿಡವನ್ನು ಕಥೆಗಾರ ಎಡ್ಡಿ ಲೆನಿಹಾನ್ ದನಿಯೆತ್ತಿದ ಮೇಲೆ ಉಳಿಸಿಕೊಳ್ಳಲಾಯಿತು. ಹಾಗಾಗಿ ನಾಟಕ ಮುಗಿದ ಮೇಲೆ ಪಕ್ಕದವರೊಡನೆ ಮಾತಿಗಿಳಿದರೆ ‘ನೀವು ಇದನ್ನೆಲ್ಲ ನಂಬುತ್ತೀರಾ?’ ಎಂದು ನಗಬೇಡಿ. ನಿಮ್ಮ ಊರಿನಲ್ಲಿ ಇಂಥ ಮರ ಇತ್ತೇ ಎಂದು ಕೇಳಿ. ಅಜ್ಜಿಯ ಕಾಲದ ಸಂಗತಿಗಳೆಲ್ಲ ತಾವಾಗಿಯೇ ಹೊರಬರುತ್ತವೆ.

ಡಬ್ಲಿನ್‌ನ ದೊಡ್ಡ ರಂಗಮಂದಿರಗಳ ಪಟ್ಟಿಯನ್ನಷ್ಟೇ ನೋಡುತ್ತ ಕೂರಬೇಡಿ. ಹವ್ಯಾಸಿ ತಂಡಗಳು ಇಲ್ಲಿ ಊರೂರಿನಲ್ಲಿವೆ, ಟಿಕೆಟ್ಟೂ ಅಗ್ಗ. ಸ್ಲೈಗೋದಲ್ಲಿ ಯೇಟ್ಸ್‌ನ ಇನ್ನೊಂದು ನಾಟಕದ ಹೆಸರು ಹೊತ್ತ ಹಾಕ್ಸ್ ವೆಲ್ ಥಿಯೇಟರ್ ಇದೆ. ಡಬ್ಲಿನ್‌ನ ಕಾನಲಿ ನಿಲ್ದಾಣದಿಂದ ನೇರ ರೈಲು ಸಿಗುತ್ತದೆ.

ನನ್ನ ಇನ್ನೊಂದು ಆಸೆ, ನಮ್ಮವರೇ ಇದನ್ನು ಕನ್ನಡದಲ್ಲಿ ಆಡಬೇಕು ಎಂಬುದು. ಆರು ಪಾತ್ರ, ಒಂದೇ ರಂಗಸಜ್ಜಿಕೆ. ಯೇಟ್ಸ್ ತೀರಿಕೊಂಡದ್ದು 1939ರಲ್ಲಿ, ಆದ್ದರಿಂದ ಇಲ್ಲಿ ಹಕ್ಕುಸ್ವಾಮ್ಯದ ಅವಧಿಯೂ ಮುಗಿದಿದೆ. ಫೇರಿಯ ಪಾತ್ರವನ್ನು ನಿಜವಾದ ಮಗುವಿಗೇ ಕೊಡಿ. ಯೇಟ್ಸ್ ಅದನ್ನು ಬರೆದದ್ದೇ ನಟಿ ಫ್ಲಾರೆನ್ಸ್ ಫಾರ್ ಅವರ ಸಹೋದರಿಯ ಮಗಳು, ಪುಟ್ಟ ಡಾರತಿ ಪ್ಯಾಜೆಟ್‌ಗಾಗಿ. ಕಥೆಯನ್ನು ಮಲೆನಾಡಿಗೆ ಎಳೆದು ತರುವ ಆಸೆ ಬರಬಹುದು, ಬೇಡ. ಪಾದ್ರಿ, ಶಿಲುಬೆ, ಸ್ಲೈಗೋದ ಆ ಒಲೆ ಎಲ್ಲವೂ ಇದ್ದಲ್ಲೇ ಇರಲಿ, ಮಾತು ಮಾತ್ರ ಕನ್ನಡವಾಗಲಿ.